ಪಾಲಾಗದೆ ಉಳಿದದ್ದು: ಯುಗೊಸ್ಲಾವಿಯಾ ಟಿಪ್ಪಣಿಗಳು

ಹೊರದೇಶದಿಂದ ಯುಗೊಸ್ಲಾವಿಯಾಕ್ಕೆ ಫೋನ್ ಮಾಡುವವರು ಹಿಂದೆ 38 ಎಂಬ ಸಂಖ್ಯೆ ತಿರುಗಿಸಬೇಕಿತ್ತು. 1991ರಿಂದ ಆ ದೇಶ ಒಡೆಯುತ್ತ ಹೋಯಿತು. ಇವತ್ತು ಸರ್ಬಿಯಾದ ಸಂಖ್ಯೆ 381, ಮಾಂಟೆನೆಗ್ರೊದ್ದು 382, ಕೊಸೊವೊದ್ದು 383, ಕ್ರೊಯೇಷಿಯಾದ್ದು 385, ಸ್ಲೊವೇನಿಯಾದ್ದು 386, ಬೋಸ್ನಿಯಾದ್ದು 387, ಉತ್ತರ ಮ್ಯಾಸಿಡೋನಿಯಾದ್ದು 389. ಒಂದಿದ್ದದ್ದು ಏಳಾಯಿತು, ಏಳೂ ಕಡೆ ಮೊದಲೆರಡು ಅಂಕಿ ಹಳೆಯವೇ. ಕೊಸೊವೊ ಸ್ವಾತಂತ್ರ್ಯ ಘೋಷಿಸಿಕೊಂಡದ್ದು 2008ರಲ್ಲಿ. ಅದಾಗಿ ಎಂಟು ವರ್ಷದ ಮೇಲೆ ಸಿಕ್ಕ ಸಂಖ್ಯೆಯೂ 38ರ ಸಾಲಿನದೇ. ಇದು ತಾಂತ್ರಿಕ ಏರ್ಪಾಡು, ಇದರಲ್ಲಿ ಭಾವನೆ ಹುಡುಕುವುದು ಸರಿಯಲ್ಲ ಎಂದು ಗೊತ್ತು. ಆದರೂ ಆ ಪಟ್ಟಿಯನ್ನು ನೋಡಿದಾಗಲೆಲ್ಲ ಮನಸ್ಸು ಅಲ್ಲೇ ನಿಲ್ಲುತ್ತದೆ.

ಇಂಟರ್ನೆಟ್ಟಿನಲ್ಲಿ ಆದದ್ದು ಇದಕ್ಕೆ ತದ್ವಿರುದ್ಧ. ಆ ದೇಶಕ್ಕೆಂದು ಇದ್ದ ‘ಡಾಟ್ ವೈಯು’ ವಿಳಾಸಗಳನ್ನು 2010ರ ಮಾರ್ಚ್ 30ರಂದು ಪೂರ್ತಿಯಾಗಿ ಅಳಿಸಿಹಾಕಲಾಯಿತು. ಹೊಸ ವಿಳಾಸಕ್ಕೆ ಸಕಾಲದಲ್ಲಿ ಹೋಗದ ಪುಟಗಳು ಕಣ್ಮರೆಯಾದವು. ಒಂದು ದೇಶ ಇಲ್ಲವಾದ ಮೇಲೆ ಏನು ಉಳಿಯಬೇಕು, ಏನು ಹೋಗಬೇಕು ಎಂಬುದನ್ನು ಯಾರು ನಿರ್ಧರಿಸುತ್ತಾರೆ? ಈ ಟಿಪ್ಪಣಿಗಳನ್ನು ಬರೆಯಲು ಕೂತದ್ದು ಈ ಪ್ರಶ್ನೆಯಿಂದ.

*

2001ರ ಜೂನ್ 29ರಂದು ವಿಯೆನ್ನಾದಲ್ಲಿ ಒಂದು ಒಪ್ಪಂದಕ್ಕೆ ಸಹಿ ಬಿತ್ತು. ಹಳೆಯ ಯುಗೊಸ್ಲಾವಿಯಾದ ಆಸ್ತಿ ಹಂಚಿಕೆಯ ಒಪ್ಪಂದ ಅದು. ಒಡೆದ ಕೂಡುಕುಟುಂಬದ ಪಾಲುಪಟ್ಟಿಯನ್ನು ಓದಿದ ಹಾಗಿದೆ. ಬೇರೆ ಬೇರೆ ದೇಶಗಳಲ್ಲಿದ್ದ ರಾಯಭಾರ ಕಚೇರಿಗಳ ಕಟ್ಟಡಗಳಲ್ಲಿ ಬೋಸ್ನಿಯಾಕ್ಕೆ ಶೇ. 15, ಕ್ರೊಯೇಷಿಯಾಕ್ಕೆ ಶೇ. 23.5, ಮ್ಯಾಸಿಡೋನಿಯಾಕ್ಕೆ ಶೇ. 8, ಸ್ಲೊವೇನಿಯಾಕ್ಕೆ ಶೇ. 14, ಆಗಿನ್ನೂ ಜೊತೆಗಿದ್ದ ಸರ್ಬಿಯಾ ಮತ್ತು ಮಾಂಟೆನೆಗ್ರೊಗೆ ಶೇ. 39.5. ವಿದೇಶಿ ಬ್ಯಾಂಕುಗಳಲ್ಲಿದ್ದ ಹಣಕ್ಕೆ ಇನ್ನೊಂದು ಲೆಕ್ಕ. ದಶಮಾಂಶ ಬಿಂದುವಿನವರೆಗೂ ಕೂತು ಚೌಕಾಸಿ ಮಾಡಿದ್ದಾರೆ.

ಅದೇ ಒಪ್ಪಂದದಲ್ಲಿ ದಫ್ತರಗಳಿಗೆಂದು, ಅಂದರೆ ಒಕ್ಕೂಟದ ಹಳೆಯ ಕಡತಗಳಿಗೆಂದು, ಪ್ರತ್ಯೇಕ ಅನುಬಂಧವೊಂದಿದೆ. ಒಂದು ಗಣರಾಜ್ಯಕ್ಕೆ ಮಾತ್ರ ಸಂಬಂಧಿಸಿದ ಕಾಗದ ಅದಕ್ಕೆ ಹೋಗಬೇಕು. ಎಲ್ಲರಿಗೂ ಸೇರಿದ ಕಾಗದ ಎಲ್ಲರ ಕೈಗೂ ಸಿಗುವಂತಿರಬೇಕು. ಬರಹದಲ್ಲಿ ಚೆನ್ನಾಗಿದೆ. ಆದರೆ ಎಲ್ಲರಿಗೂ ಸೇರಿದ ಕಾಗದ ಯಾವುದು ಎಂಬಲ್ಲಿಗೆ ಬಂದಾಗ ಒಪ್ಪಂದ ತೀರಾ ಕಷ್ಟದ ಜಾಗಕ್ಕೆ ಬರುತ್ತದೆ. ನಲವತ್ತೈದು ವರ್ಷ ಒಟ್ಟಿಗೆ ಬದುಕಿದವರ ಯಾವ ಕಡತ ಯಾರೊಬ್ಬರದು?

*

2017ರಲ್ಲಿ ಪ್ರಕಟವಾದ ಗ್ಯಾಲಪ್ ಸಮೀಕ್ಷೆಯ ಅಂಕಿಗಳನ್ನು ಬರೆದಿಟ್ಟುಕೊಂಡಿದ್ದೇನೆ. ಯುಗೊಸ್ಲಾವಿಯಾ ಒಡೆದದ್ದರಿಂದ ನಿಮ್ಮ ದೇಶಕ್ಕೆ ಕೆಡುಕಾಯಿತೇ ಎಂದು ಕೇಳಿದ್ದರು. ಹೌದು ಎಂದವರು ಸರ್ಬಿಯಾದಲ್ಲಿ ಶೇ. 81, ಬೋಸ್ನಿಯಾದಲ್ಲಿ ಶೇ. 77, ಮಾಂಟೆನೆಗ್ರೊದಲ್ಲಿ ಶೇ. 65, ಮ್ಯಾಸಿಡೋನಿಯಾದಲ್ಲಿ ಶೇ. 61, ಸ್ಲೊವೇನಿಯಾದಲ್ಲಿ ಶೇ. 45, ಕ್ರೊಯೇಷಿಯಾದಲ್ಲಿ ಶೇ. 23, ಕೊಸೊವೊದಲ್ಲಿ ಶೇ. 10.

ಎರಡು ತುದಿಗಳು ಅರ್ಥವಾಗುತ್ತವೆ. ಕೊಸೊವೊದ ಅಲ್ಬೇನಿಯನ್ನರ ನೆನಪಿನಲ್ಲಿ ಆ ದೇಶವೆಂದರೆ ಪೊಲೀಸರು, ಮುಚ್ಚಿದ ಶಾಲೆಗಳು, ಕಸಿದುಕೊಂಡ ಸ್ವಾಯತ್ತತೆ. ಬೋಸ್ನಿಯಾದಲ್ಲಿ ಯುದ್ಧ ಸುಮಾರು ಒಂದು ಲಕ್ಷ ಜನರನ್ನು ಕೊಂದಿತು, 1995ರ ಜುಲೈನಲ್ಲಿ ಸ್ರೆಬ್ರೆನಿತ್ಸಾ ಒಂದರಲ್ಲೇ ಎಂಟು ಸಾವಿರಕ್ಕೂ ಹೆಚ್ಚು ಗಂಡಸರನ್ನೂ ಹುಡುಗರನ್ನೂ ಸಾಲಾಗಿ ನಿಲ್ಲಿಸಿ ಕೊಂದರು. ಒಡೆದದ್ದರಿಂದ ಕೆಡುಕಾಯಿತು ಎಂದು ಅಲ್ಲಿನವರು ಹೇಳದೆ ಇನ್ನಾರು ಹೇಳಬೇಕು?

ತಿಳಿಯದೆ ಉಳಿಯುವುದು ಸ್ಲೊವೇನಿಯಾ. ಹತ್ತು ದಿನದ ಯುದ್ಧದಲ್ಲಿ ಬಿಡಿಸಿಕೊಂಡಿತು, 2004ರಲ್ಲಿ ಐರೋಪ್ಯ ಒಕ್ಕೂಟ ಸೇರಿತು, 2007ರಲ್ಲಿ ಯೂರೊ ತಂದಿತು. ಹಳೆಯ ಬಳಗದಲ್ಲೆಲ್ಲ ಹೆಚ್ಚು ಅನುಕೂಲಸ್ಥ ದೇಶ. ಅಲ್ಲೂ ಕೆಡುಕಾಯಿತು ಎನ್ನುವವರು ಒಳಿತಾಯಿತು ಎನ್ನುವವರಿಗಿಂತ ಸ್ವಲ್ಪ ಹೆಚ್ಚು. ಹಣವೊಂದೇ ಕಾರಣವಾಗಿದ್ದರೆ ಲೆಕ್ಕ ಹೀಗೆ ಬರಬಾರದಿತ್ತು.

ಇವರಿಗೆ ಆ ದೇಶ ಮತ್ತೆ ಬೇಕೆಂದೂ ಇಲ್ಲ. ಮರಳಿ ಒಂದಾಗೋಣ ಎನ್ನುವ ಪಕ್ಷ ಯಾವ ಸಂಸತ್ತಿನಲ್ಲೂ ನೆಲೆ ಕಂಡಿಲ್ಲ. ನೆನಪು ಮಾತ್ರ ಬಲವಾಗಿದೆ. ಅದರ ಆಯ್ಕೆಯೂ ವಿಚಿತ್ರ: ವೀಸಾ ಇಲ್ಲದೆ ಪೂರ್ವಕ್ಕೂ ಪಶ್ಚಿಮಕ್ಕೂ ಓಡಾಡಿಸುತ್ತಿದ್ದ ಕೆಂಪು ಪಾಸ್‌ಪೋರ್ಟ್, ಕಾರ್ಖಾನೆಯ ಖರ್ಚಿನಲ್ಲಿ ಕಡಲತೀರದ ರಜೆ, ಕ್ರಾಗುಯೆವಾಟ್ಸ್‌ನಲ್ಲಿ ತಯಾರಾಗುತ್ತಿದ್ದ ಪುಟ್ಟ ಯುಗೊ ಕಾರು. 1980ರ ದಶಕದ ಪೆಟ್ರೋಲ್ ಕೂಪನ್ನು, ಕರೆಂಟು ಕಡಿತ, ಅಂಗಡಿಯಲ್ಲಿ ಸಿಗದ ಕಾಫಿ, 1989ರಲ್ಲಿ ಶೇ. 1000 ದಾಟಿದ ಹಣದುಬ್ಬರ ಅಷ್ಟಾಗಿ ನೆನಪಿಗೆ ಬರುವುದಿಲ್ಲ. 1948ರಲ್ಲಿ ಸ್ಟಾಲಿನ್ ಜೊತೆ ಮುರಿದುಕೊಂಡ ಮೇಲೆ ದೇಶವನ್ನು ಆಳುತ್ತಿದ್ದ ಟಿಟೋ ತನ್ನದೇ ಪಕ್ಷದ ಸಾವಿರಾರು ಜನರನ್ನು ಕಳಿಸಿದ ಗೋಲಿ ಓತೊಕ್ ಎಂಬ ಬಂಡೆಗಲ್ಲಿನ ದ್ವೀಪದ ಸೆರೆಮನೆಯೂ ಬರುವುದಿಲ್ಲ. ಅಲ್ಲಿ ಕಲ್ಲು ಹೊತ್ತವರ ಮಕ್ಕಳು ಇನ್ನೂ ಬದುಕಿದ್ದಾರೆ.

*

1980ರ ಮೇ 4, ಭಾನುವಾರ. ಸ್ಪ್ಲಿಟ್ ನಗರದ ಪೊಲ್ಯುದ್ ಕ್ರೀಡಾಂಗಣದಲ್ಲಿ ಊರಿನ ಹಯ್‌ದುಕ್ ತಂಡಕ್ಕೂ ಬೆಲ್ಗ್ರೇಡಿನ ರೆಡ್ ಸ್ಟಾರ್‌ಗೂ ಫುಟ್‌ಬಾಲ್ ಪಂದ್ಯ. ನಡುವೆ ಆಟ ನಿಲ್ಲಿಸಿ ಟಿಟೋ ತೀರಿಕೊಂಡರೆಂದು ಘೋಷಿಸಿದರು. ಆಟಗಾರರು ಹುಲ್ಲಿನ ಮೇಲೆ ಕುಸಿದು ಅತ್ತರು. ಸುಮಾರು ಐವತ್ತು ಸಾವಿರ ಪ್ರೇಕ್ಷಕರು ಎದ್ದು ಟಿಟೋಗೆ ಆಣೆ ಮಾಡುವ ಹಾಡು ಹಾಡಿದರು. ಕ್ರೊಯೇಷಿಯಾದ ತಂಡ, ಸರ್ಬಿಯಾದ ತಂಡ, ಒಂದೇ ಅಳು.

1990ರ ಸೆಪ್ಟೆಂಬರ್ 26. ಅದೇ ಪೊಲ್ಯುದ್. ಹಯ್‌ದುಕ್ ತಂಡದ ಅಭಿಮಾನಿಗಳು ಬೆಲ್ಗ್ರೇಡಿನ ಪಾರ್ಟಿಜಾನ್ ತಂಡದ ಮೇಲಿನ ಪಂದ್ಯದ ನಡುವೆ ಮೈದಾನಕ್ಕೆ ನುಗ್ಗಿದರು. ಕಂಬದಿಂದ ಯುಗೊಸ್ಲಾವಿಯಾದ ಧ್ವಜ ಇಳಿಸಿ ಸುಟ್ಟರು.

ಮೊದಲ ಅಳು ಸುಳ್ಳಾಗಿತ್ತೇ ಎಂದು ಕೇಳಿಕೊಂಡಿದ್ದೇನೆ. ಒಬ್ಬ ಸರ್ವಾಧಿಕಾರಿ ಸತ್ತಾಗ ಅಳದಿದ್ದರೆ ಕಷ್ಟವಿತ್ತು ಎನ್ನುವವರಿದ್ದಾರೆ. ಮೈದಾನದಲ್ಲಿ ಇಪ್ಪತ್ತೆರಡು ಹರೆಯದ ಹುಡುಗರು ಒಟ್ಟಿಗೆ ಬಿಕ್ಕುವುದನ್ನು ಭಯವೊಂದೇ ಮಾಡಿಸಲಾರದು ಎಂದು ನನಗೆ ಅನ್ನಿಸುತ್ತದೆ. 1980ರಲ್ಲಿ ತಂದೆಯ ಕೈಹಿಡಿದು ಬಂದಿದ್ದ ಹತ್ತು ವರ್ಷದ ಹುಡುಗ 1990ರಲ್ಲಿ ಇಪ್ಪತ್ತರ ಯುವಕ. ತಂದೆಯ ಕಣ್ಣೀರನ್ನು ಕಂಡವನೇ ಧ್ವಜಕ್ಕೆ ಬೆಂಕಿಯಿಟ್ಟಿರಬಹುದು. ನಡುವಿನ ಹತ್ತು ವರ್ಷಗಳಲ್ಲಿ ಅವನು ಕಂಡದ್ದು ಸಾಲ, ಕೆಲಸವಿಲ್ಲದ ಅಣ್ಣಂದಿರು, ಟೀವಿಯಲ್ಲಿ ದಿನವೂ ಕಚ್ಚಾಡುವ ನಾಯಕರು. ಎರಡೂ ದಿನ ಪೊಲ್ಯುದ್‌ನಲ್ಲಿ ಕಂಡದ್ದು ನಿಜವೇ.

*

ಯಾಸೆನೊವಾಟ್ಸ್ ಬಗ್ಗೆ ಓದುವುದು ಕಷ್ಟ, ಬಿಡುವುದು ಇನ್ನೂ ಕಷ್ಟ. ಎರಡನೇ ಮಹಾಯುದ್ಧದಲ್ಲಿ ಹಿಟ್ಲರನ ನೆರವಿನಿಂದ ಕ್ರೊಯೇಷಿಯಾವನ್ನು ಆಳಿದ ಉಸ್ತಾಶಾಗಳು 1941ರಿಂದ 1945ರವರೆಗೆ ನಡೆಸಿದ ಶಿಬಿರ. ಸರ್ಬರು, ಯಹೂದಿಗಳು, ರೋಮಾ ಜನರು, ಫ್ಯಾಸಿಸ್ಟ್ ವಿರೋಧಿ ಕ್ರೊಯೇಷಿಯನ್ನರು ಅಲ್ಲಿ ಸತ್ತರು. ಎಷ್ಟು ಜನ? ಟಿಟೋ ಕಾಲದಲ್ಲಿ ಆರೇಳು ಲಕ್ಷ ಎನ್ನುತ್ತಿದ್ದರು. ಇತಿಹಾಸಕಾರನಾಗಿದ್ದು ಮುಂದೆ ಕ್ರೊಯೇಷಿಯಾದ ಅಧ್ಯಕ್ಷನಾದ ಫ್ರಾಂಜೊ ತುಜ್‌ಮನ್ ಅದನ್ನು ಕೆಲವು ಹತ್ತು ಸಾವಿರಕ್ಕೆ ಇಳಿಸಿದ. ಈಗ ಅಲ್ಲಿನ ಸ್ಮಾರಕ ಸಂಸ್ಥೆ ಒಬ್ಬೊಬ್ಬರದೇ ಹೆಸರು ಹುಡುಕಿ ಮಾಡಿರುವ ಪಟ್ಟಿಯಲ್ಲಿ 83,145 ಹೆಸರುಗಳಿವೆ.

ಇಡೀ ದೇಶದ ಯುದ್ಧಸಾವಿನ ಲೆಕ್ಕವೂ ಹೀಗೇ. 17 ಲಕ್ಷ ಎಂದು ಸರ್ಕಾರ ಯುದ್ಧ ಮುಗಿದ ಕೂಡಲೇ ಹೇಳಿತ್ತು. 1980ರ ದಶಕದಲ್ಲಿ ಇಬ್ಬರು ಸಂಶೋಧಕರು, ಒಬ್ಬ ಸರ್ಬ ಒಬ್ಬ ಕ್ರೊಯೇಷಿಯನ್, ಬೇರೆ ಬೇರೆಯಾಗಿ ಲೆಕ್ಕಹಾಕಿ ಇಬ್ಬರೂ ಹೆಚ್ಚುಕಡಿಮೆ 10 ಲಕ್ಷಕ್ಕೇ ಬಂದರು. ಬೊಗೊಲ್ಯುಬ್ ಕೊಚೊವಿಚ್ ಮತ್ತು ವ್ಲಾದಿಮಿರ್ ಝೆರ್ಯಾವಿಚ್ ಎಂಬ ಆ ಎರಡು ಹೆಸರುಗಳನ್ನು ನಾನು ಗೌರವದಿಂದ ಬರೆದಿಟ್ಟುಕೊಂಡಿದ್ದೇನೆ. ಸತ್ತವರ ಸಂಖ್ಯೆ ಏರಿದಷ್ಟೂ ತಮ್ಮವರ ನೋವು ದೊಡ್ಡದಾಗುತ್ತದೆ ಎಂದು ಎಲ್ಲರೂ ನಂಬಿದ್ದಾಗ ಸಂಖ್ಯೆ ಇಳಿಸಲು ಧೈರ್ಯ ಬೇಕಿತ್ತು.

ಟಿಟೋನ ದೇಶ ‘ಭ್ರಾತೃತ್ವ ಮತ್ತು ಏಕತೆ’ ಎಂಬ ಘೋಷಣೆಯ ಮೇಲೆ ನಿಂತಿತ್ತು. ಝಾಗ್ರೆಬ್‌ನಿಂದ ಬೆಲ್ಗ್ರೇಡಿಗೆ ಯುವಕರ ಶ್ರಮದಾನದಿಂದ ಹಾಕಿದ ಹೆದ್ದಾರಿಗೂ ಅದೇ ಹೆಸರು. ಆ ಘೋಷಣೆಗಾಗಿ ಒಂದು ನಿಯಮ ಪಾಲಿಸಿದರು: ಕೊಂದವರು ‘ಫ್ಯಾಸಿಸ್ಟರು’, ಸತ್ತವರು ‘ಫ್ಯಾಸಿಸಂಗೆ ಬಲಿಯಾದವರು’. ನೆರೆಮನೆಯವನೇ ನೆರೆಮನೆಯವನನ್ನು ಕೊಂದ ಎಂದು ಬಾಯಿಬಿಟ್ಟು ಹೇಳುವಂತಿಲ್ಲ. ಹರ್ಜೆಗೊವಿನಾದ ಸುಣ್ಣಕಲ್ಲಿನ ಆಳವಾದ ಕುಳಿಗಳಲ್ಲಿ ಸರ್ಬ ಹಳ್ಳಿಗರ ಹೆಣಗಳು ದಶಕಗಟ್ಟಲೆ ಹಾಗೇ ಇದ್ದವು. ಕೆಲವು ಕುಳಿಗಳ ಬಾಯಿಗೆ ಕಾಂಕ್ರೀಟು ಹಾಕಿ ಮುಚ್ಚಿದ್ದರು.

ಹಾಗೆ ಮುಚ್ಚಿದ್ದು ತಪ್ಪು. ಅವರ ಉದ್ದೇಶ ನನಗೆ ಅರ್ಥವಾಗುತ್ತದೆ, ಆದರೂ ತಪ್ಪು. 1990-91ರಲ್ಲಿ ಕುಳಿಗಳನ್ನು ತೆರೆದು ಮೂಳೆಗಳನ್ನು ಮೇಲೆತ್ತಿದಾಗ ಅದನ್ನು ಮಾಡಿಸಿದವರ ಕೈಯಲ್ಲಿ ಆಗಲೇ ಬೇರೆ ಉದ್ದೇಶವಿತ್ತು. ಶೋಕಾಚರಣೆ ಟೀವಿಯಲ್ಲಿ ಬಂತು. ನೋಡಿದ ಜನರ ಮನಸ್ಸಿಗೆ 1941 ನಿನ್ನೆಯೇ ನಡೆದಂತಾಯಿತು. ಇದಕ್ಕೂ ಮೊದಲು, 1389ರ ಕೊಸೊವೊ ಯುದ್ಧದಲ್ಲಿ ಸತ್ತ ರಾಜಕುಮಾರ ಲಾಜಾರ್‌ನ ಅಸ್ಥಿಯನ್ನು ಊರೂರಿಗೆ ಮೆರವಣಿಗೆಯಲ್ಲಿ ಒಯ್ದಿದ್ದರು. ಆ ಯುದ್ಧದ ಆರುನೂರನೇ ವರ್ಷಕ್ಕೆ, 1989ರ ಜೂನ್ 28ರಂದು, ಸರ್ಬಿಯಾದ ನಾಯಕ ಸ್ಲೊಬೊದಾನ್ ಮಿಲೊಶೆವಿಚ್ ಅದೇ ಬಯಲಿನಲ್ಲಿ ಲಕ್ಷಾಂತರ ಜನರೆದುರು ಭಾಷಣ ಮಾಡಿದ. ಮೊದಲೇ ಅಳಲು ಬಿಟ್ಟಿದ್ದರೆ ಆ ದುಃಖ ಇಂಥವರ ಕೈಗೆ ಸಿಗುತ್ತಿತ್ತೇ?

ಯಾಸೆನೊವಾಟ್ಸ್‌ನಲ್ಲಿ ಕಾಂಕ್ರೀಟಿನ ಬೃಹತ್ ಹೂವೊಂದಿದೆ. 1966ರಲ್ಲಿ ಬೊಗ್ದಾನ್ ಬೊಗ್ದಾನೊವಿಚ್ ರಚಿಸಿದ್ದು. ಆಯುಧವಿಲ್ಲ, ಬಿಗಿದ ಮುಷ್ಟಿಯಿಲ್ಲ, ಯಾವ ಧರ್ಮದ ಗುರುತೂ ಇಲ್ಲ. ಮುಂದೆ ಬೆಲ್ಗ್ರೇಡಿನ ಮೇಯರ್ ಆದ ಈ ವಾಸ್ತುಶಿಲ್ಪಿ ಮಿಲೊಶೆವಿಚ್‌ನನ್ನು ಬಹಿರಂಗವಾಗಿ ವಿರೋಧಿಸಿ ಕೊನೆಗೆ ವಿಯೆನ್ನಾಕ್ಕೆ ವಲಸೆ ಹೋದ. ಅವನು ದೇಶದುದ್ದಕ್ಕೂ ಕಟ್ಟಿದ ಸ್ಮಾರಕಗಳಲ್ಲಿ ಕೆಲವು 1990ರ ದಶಕದ ಯುದ್ಧದಲ್ಲಿ ಹಾಳಾದವು. ಹೂವು ಉಳಿದಿದೆ.

*

ಟಿಟೋ ಹೆಸರಿನ ಊರುಗಳು ಎಂಟಿದ್ದವು, ಆರು ಗಣರಾಜ್ಯ ಎರಡು ಸ್ವಾಯತ್ತ ಪ್ರಾಂತಗಳಿಗೆ ತಲಾ ಒಂದರಂತೆ. ಟಿಟೊಗ್ರಾದ್ 1992ರಲ್ಲಿ ಮತ್ತೆ ಪೊದ್ಗೊರಿತ್ಸಾ ಆಯಿತು. ಉಳಿದ ಏಳೂ ಟಿಟೋ ಹೆಸರು ಬಿಟ್ಟವು. ಝಾಗ್ರೆಬ್‌ನ ಮಾರ್ಷಲ್ ಟಿಟೋ ಚೌಕದ ಹೆಸರು 2017ರಲ್ಲಿ ಹೋಯಿತು. ಸರಾಯೆವೊದ ಮುಖ್ಯ ರಸ್ತೆ ಇನ್ನೂ ಮಾರ್ಷಲ್ ಟಿಟೋನದೇ.

ನಮ್ಮ ದಕ್ಷಿಣ ದೆಹಲಿಯಲ್ಲಿ ಜೋಸಿಪ್ ಬ್ರೋಜ್ ಟಿಟೋ ಮಾರ್ಗವಿದೆ. ನೆಹರೂ, ನಾಸೆರ್, ಟಿಟೋ ಎಂದು ಶಾಲೆಯಲ್ಲಿ ಬಾಯಿಪಾಠ ಮಾಡಿದ ನಮ್ಮ ತಲೆಮಾರಿಗೆ ಅಲಿಪ್ತ ನೀತಿಯ ಪಾಠವೆಂದರೆ ಈ ಮೂವರು. 1961ರ ಸೆಪ್ಟೆಂಬರಿನಲ್ಲಿ ಅಲಿಪ್ತ ರಾಷ್ಟ್ರಗಳ ಮೊದಲ ಸಮ್ಮೇಳನ ನಡೆದದ್ದು ಬೆಲ್ಗ್ರೇಡಿನಲ್ಲಿ. ಇಂದಿರಾ ಗಾಂಧಿ ಕೊಟ್ಟ ಜೋಡಿ ಆನೆಮರಿಗಳು ಟಿಟೋನ ಬ್ರಿಯೂನಿ ದ್ವೀಪದಲ್ಲಿ ಬೆಳೆದವು. ಸೋನಿ ಎಂಬ ಗಂಡಾನೆ 2010ರವರೆಗೆ ಬದುಕಿತ್ತು, ಉಡುಗೊರೆ ಪಡೆದ ದೇಶ ಇಲ್ಲವಾದ ಮೇಲೂ. ತಮ್ಮ ಊರಲ್ಲಿ ಜಗಳಕ್ಕೆ ಕಾರಣವಾಗಿರುವ ಹೆಸರು ದೆಹಲಿಯಲ್ಲಿ ಬಸ್ ನಿಲ್ದಾಣದ ಫಲಕದಂತೆ ನಿರುಪದ್ರವಿಯಾಗಿ ಇರುವುದನ್ನು ಸರಾಯೆವೊದಿಂದಲೋ ಝಾಗ್ರೆಬ್‌ನಿಂದಲೋ ಬಂದವರು ನೋಡಿದರೆ ಏನೆನ್ನುತ್ತಾರೋ ಕೇಳಬೇಕೆನಿಸುತ್ತದೆ.

*

ಯುಗೊಸ್ಲಾವಿಯಾ ಎಂಬ ಹೆಸರನ್ನು ಕೊನೆಯವರೆಗೆ ಹಿಡಿದುಕೊಂಡವರು ಸರ್ಬಿಯಾ ಮತ್ತು ಮಾಂಟೆನೆಗ್ರೊದವರು. 2003ರಲ್ಲಿ ಅವರೂ ಬಿಟ್ಟರು. ಬೇಡವೆಂದರೂ ಹೊತ್ತುಕೊಳ್ಳಬೇಕಾದವರು ಮ್ಯಾಸಿಡೋನಿಯಾದವರು: ಗ್ರೀಸಿನ ಆಕ್ಷೇಪದಿಂದಾಗಿ ವಿಶ್ವಸಂಸ್ಥೆಯಲ್ಲಿ 1993ರಿಂದ 2019ರವರೆಗೆ ಅವರನ್ನು ‘ಹಿಂದಿನ ಯುಗೊಸ್ಲಾವ್ ಗಣರಾಜ್ಯ ಮ್ಯಾಸಿಡೋನಿಯಾ’ ಎಂದೇ ಕರೆಯುತ್ತಿದ್ದರು. ಆ ಸಂಕಟದ ನಡುವೆ 2011ರಲ್ಲಿ ಅವರು ಸ್ಕೋಪ್ಯೆಯ ನಡುಚೌಕದಲ್ಲಿ ಅಲೆಕ್ಸಾಂಡರನನ್ನು ಹೋಲುವ ಕುದುರೆ ಸವಾರನ ಬೃಹತ್ ಪ್ರತಿಮೆ ನಿಲ್ಲಿಸಿದರು. ಎರಡು ಸಾವಿರ ವರ್ಷಕ್ಕೂ ಹಿಂದಿನ ಪೂರ್ವಜನನ್ನು ಕರೆತಂದರೆ ನಿನ್ನೆಯ ಯುಗೊಸ್ಲಾವಿಯಾ ಮರೆಯಾಗುತ್ತದೆಂದು ಭಾವಿಸಿದರೋ ಏನೋ.

ಮೋಸ್ತಾರ್‌ನ ಯುವಕರು ಮಾಡಿದ್ದು ಬೇರೆ. 1566ರ ಹಳೆಯ ಸೇತುವೆಯನ್ನು 1993ರ ನವೆಂಬರ್ 9ರಂದು ಕ್ರೊಯೇಷಿಯನ್ ಪಡೆಗಳ ಫಿರಂಗಿ ಉರುಳಿಸಿತ್ತು. 2004ರಲ್ಲಿ ಅದನ್ನು ಮರಳಿ ಕಟ್ಟಿದರು. ಊರು ಮಾತ್ರ ಎರಡಾಗಿಯೇ ಉಳಿಯಿತು. ಯಾರ ಪ್ರತಿಮೆ ನಿಲ್ಲಿಸಿದರೂ ಇನ್ನೊಬ್ಬರಿಗೆ ನೋವು. 2005ರ ನವೆಂಬರಿನಲ್ಲಿ ಅವರು ಉದ್ಯಾನದಲ್ಲಿ ಬ್ರೂಸ್ ಲೀಯ ಕಂಚಿನ ಪ್ರತಿಮೆ ಅನಾವರಣ ಮಾಡಿದರು. ಕ್ರೊಯೇಷಿಯನ್ ಹುಡುಗನೂ ಬೋಸ್ನಿಯಾಕ್ (ಅಂದರೆ ಬೋಸ್ನಿಯಾದ ಮುಸ್ಲಿಂ) ಹುಡುಗನೂ ಸರ್ಬ ಹುಡುಗನೂ ಸಮಾನವಾಗಿ ಪ್ರೀತಿಸಿದ, ಈ ನೆಲದ ಯಾರನ್ನೂ ನೋಯಿಸದ ವೀರ. ಮೊದಲು ಓದಿದಾಗ ಹುಡುಗಾಟಿಕೆ ಅನ್ನಿಸಿತ್ತು. ಈಗ ಆ ಯುವಕರು ಬಹಳ ಯೋಚಿಸಿ ಮಾಡಿದ ಕೆಲಸವಿದು ಅನ್ನಿಸುತ್ತದೆ.

*

ಬೋಸ್ನಿಯಾದ ರಾಷ್ಟ್ರಗೀತೆಗೆ ಸಾಹಿತ್ಯವಿಲ್ಲ. 1999ರಿಂದ ಬರೀ ರಾಗ. ಮೂರೂ ಜನಾಂಗಗಳು ಒಪ್ಪುವ ಸಾಲು ಸಿಕ್ಕಿಲ್ಲ. ಕ್ರೀಡಾಕೂಟಗಳಲ್ಲಿ ಅವರ ಆಟಗಾರರು ಬಾಯಿ ಮುಚ್ಚಿ ನಿಲ್ಲುತ್ತಾರೆ.

ಅದೇ ದೇಶದಲ್ಲಿ ‘ಒಂದೇ ಸೂರಿನಡಿ ಎರಡು ಶಾಲೆ’ ಎಂಬ ಏರ್ಪಾಡಿದೆ. ಯುದ್ಧದಲ್ಲಿ ಊರು ಬಿಟ್ಟವರು ಮರಳಿದಾಗ ತಾತ್ಕಾಲಿಕವೆಂದು ಮಾಡಿದ್ದು. ಒಂದೇ ಕಟ್ಟಡ, ಕ್ರೊಯೇಷಿಯನ್ ಮಕ್ಕಳಿಗೆ ಒಂದು ಪಠ್ಯಕ್ರಮ, ಬೋಸ್ನಿಯಾಕ್ ಮಕ್ಕಳಿಗೆ ಇನ್ನೊಂದು. ಕೆಲವೆಡೆ ಬೇರೆ ಬೇರೆ ಬಾಗಿಲು, ಕೆಲವೆಡೆ ಬೇರೆ ಬೇರೆ ಪಾಳಿ. ಇಂಥ ಶಾಲೆಗಳು ಐವತ್ತಕ್ಕೂ ಹೆಚ್ಚು. ಗಣಿತ ಎರಡೂ ಕಡೆ ಒಂದೇ, ಇತಿಹಾಸದ ಪುಸ್ತಕ ಬೇರೆ. ಒಂದು ಕೋಣೆಯ ವೀರ ಪಕ್ಕದ ಕೋಣೆಯ ಪಾತಕಿ. ಮಕ್ಕಳಿಗೆ ಹೀಗೆ ಮಾಡುವುದನ್ನು ನಾನು ಒಪ್ಪಲಾರೆ. ಎಷ್ಟು ಕಾರಣ ಕೊಟ್ಟರೂ ಒಪ್ಪಲಾರೆ.

ಯಾಯ್ತ್ಸೆ ಎಂಬ ಪುಟ್ಟ ಪಟ್ಟಣದ ಪ್ರೌಢಶಾಲೆಯ ವಿದ್ಯಾರ್ಥಿಗಳೂ ಒಪ್ಪಲಿಲ್ಲ. ತಮ್ಮನ್ನು ಜನಾಂಗದಂತೆ ಬೇರೆ ಮಾಡಿ ಹೊಸ ಶಾಲೆ ತೆರೆಯುವ ಯೋಜನೆಯ ವಿರುದ್ಧ 2016-17ರಲ್ಲಿ ಒಟ್ಟಾಗಿ ಬೀದಿಗಿಳಿದರು. ಆಡಳಿತ ಯೋಜನೆಯನ್ನು ಕೈಬಿಟ್ಟಿತು. 1943ರ ನವೆಂಬರ್ 29ರಂದು, ಜರ್ಮನ್ ಸೇನೆಯ ನಡುವೆಯೇ, ಟಿಟೋನ ಗೆರಿಲ್ಲಾಗಳು ಸಭೆ ಸೇರಿ ಒಕ್ಕೂಟ ಯುಗೊಸ್ಲಾವಿಯಾವನ್ನು ಘೋಷಿಸಿದ್ದು ಇದೇ ಯಾಯ್ತ್ಸೆಯಲ್ಲಿ. ಈ ಮಕ್ಕಳು ಹೊಸ ದೇಶ ಕೇಳಲಿಲ್ಲ, ಒಂದೇ ತರಗತಿ ಕೇಳಿದರು.

*

ಸ್ಲೊವೇನಿಯಾದ ಅಳಿಸಲ್ಪಟ್ಟವರ ಕತೆ ಯುದ್ಧದ ಸದ್ದಿನಲ್ಲಿ ಕೇಳದೆ ಹೋಯಿತು. ಯುಗೊಸ್ಲಾವಿಯಾದಲ್ಲಿ ಪ್ರತಿಯೊಬ್ಬರಿಗೂ ಎರಡು ಪೌರತ್ವ: ಒಕ್ಕೂಟದ್ದು ಮತ್ತು ಯಾವುದೋ ಒಂದು ಗಣರಾಜ್ಯದ್ದು. ಎರಡನೆಯದು ರಿಜಿಸ್ಟರಿನಲ್ಲಿ ಬಿದ್ದಿರುತ್ತಿತ್ತು, ಯಾರೂ ತೆಗೆದು ನೋಡುತ್ತಿರಲಿಲ್ಲ. ಬೋಸ್ನಿಯಾದಿಂದ ಗಣಿ ಕೆಲಸಕ್ಕೆ, ಸರ್ಬಿಯಾದಿಂದ ಸೇನೆಯ ಕೆಲಸಕ್ಕೆ ಬಂದವರು ಲ್ಯುಬ್ಲಿಯಾನಾದಲ್ಲಿ ಮನೆ ಮಾಡಿ ಮಕ್ಕಳನ್ನು ಹೆತ್ತಿದ್ದರು. ಸ್ವಾತಂತ್ರ್ಯದ ನಂತರ ಆರು ತಿಂಗಳೊಳಗೆ ಅರ್ಜಿ ಹಾಕಿದವರಿಗೆ ಪೌರತ್ವ ಸಿಕ್ಕಿತು. ಅರ್ಜಿ ಹಾಕದವರು, ತಿರಸ್ಕೃತರಾದವರು 25,671 ಜನ. 1992ರ ಫೆಬ್ರವರಿ 26ರಂದು ಇವರನ್ನು ಕಾಯಂ ನಿವಾಸಿಗಳ ಪಟ್ಟಿಯಿಂದ ತೆಗೆದುಹಾಕಿದರು. ನೋಟಿಸಿಲ್ಲ. ಯಾವುದೋ ಬೇರೆ ಕೆಲಸಕ್ಕೆ ಕಚೇರಿಗೆ ಹೋದಾಗ ಗುಮಾಸ್ತರು ಗುರುತಿನ ಚೀಟಿ ಕೇಳಿ ಪಡೆದು ತೂತು ಹೊಡೆದು ಕೊಟ್ಟರು. ಕೆಲಸ ಹೋಯಿತು, ಪಿಂಚಣಿ ಹೋಯಿತು, ಆಸ್ಪತ್ರೆ ಹೋಯಿತು. ಕೆಲವರನ್ನು ಗಡಿಯಾಚೆ ಬಿಟ್ಟು ಬಂದರು, ಆಚೆ ಯುದ್ಧ ನಡೆಯುತ್ತಿತ್ತು.

ಅಲ್ಲಿನ ಸಂವಿಧಾನ ನ್ಯಾಯಾಲಯ ಇದು ತಪ್ಪೆಂದು 1999ರಲ್ಲೂ 2003ರಲ್ಲೂ ಹೇಳಿತು. 2004ರ ಜನಮತಗಣನೆಯಲ್ಲಿ ಮತ ಹಾಕಿದವರಲ್ಲಿ ಶೇ. 90ಕ್ಕೂ ಹೆಚ್ಚು ಮಂದಿ ಇವರ ಹಕ್ಕು ಮರಳಿಸುವ ಕಾನೂನನ್ನು ತಿರಸ್ಕರಿಸಿದರು. 2012ರಲ್ಲಿ ಸ್ಟ್ರಾಸ್‌ಬರ್ಗ್‌ನ ಮಾನವ ಹಕ್ಕುಗಳ ನ್ಯಾಯಾಲಯ ಪರಿಹಾರ ಕೊಡಿಸಿತು. ಅಧ್ಯಕ್ಷ ಬೊರುತ್ ಪಾಹೊರ್ ಕ್ಷಮೆ ಕೇಳಿದ್ದು 2022ರಲ್ಲಿ. ಗುಂಡು ಹಾರಿಸದೆ, ಸುಸಂಸ್ಕೃತ ಕಚೇರಿಯೊಂದರಲ್ಲಿ, ಸಾವಿರಾರು ಜನರನ್ನು ಇಲ್ಲವಾಗಿಸಿದ ಈ ಕೆಲಸ ನನ್ನನ್ನು ಬಹಳ ಕಲಕಿದೆ.

*

ಇಷ್ಟೆಲ್ಲ ಬರೆದ ಮೇಲೆ ನನಗೆ ಅನ್ನಿಸುತ್ತಿರುವುದು ಇದು: ಆ ಜನ ಕಳೆದುಕೊಂಡದ್ದರಲ್ಲಿ ದೊಡ್ಡದೆಂದರೆ, ನೀನು ಯಾರವನು ಎಂಬ ಪ್ರಶ್ನೆಗೆ ಉತ್ತರ ಕೊಡದೆ ಬದುಕುವ ಅವಕಾಶ. ಹಳೆಯ ಜನಗಣತಿಯಲ್ಲಿ ಸರ್ಬ, ಕ್ರೊಯೇಷಿಯನ್, ಮುಸ್ಲಿಂ ಎನ್ನುವುದರ ಜೊತೆ ‘ಯುಗೊಸ್ಲಾವ್’ ಎಂದೂ ಬರೆಸಬಹುದಿತ್ತು. 1981ರಲ್ಲಿ ಹಾಗೆ ಬರೆಸಿದವರು 12 ಲಕ್ಷ, ಜನಸಂಖ್ಯೆಯ ಶೇ. 5ಕ್ಕಿಂತ ತುಸು ಹೆಚ್ಚು. ಬೇರೆ ಬೇರೆ ಜನಾಂಗದ ತಂದೆತಾಯಿಗೆ ಹುಟ್ಟಿದವರು, ನಗರದ ಯುವಕರು, ಪಕ್ಷದವರು, ಅಲ್ಪಸಂಖ್ಯಾತರು. 1991ರ ಗಣತಿಯಲ್ಲಿ ಈ ಸಂಖ್ಯೆ ಏಳು ಲಕ್ಷದ ಆಸುಪಾಸಿಗೆ ಇಳಿದಿತ್ತು. ನೂರಕ್ಕೆ ತೊಂಬತ್ತೈದು ಜನ ಎಂದೂ ಆ ಹೆಸರನ್ನು ಆರಿಸಲಿಲ್ಲ ಎಂಬುದೂ ನಿಜ. ಆರಿಸಿದವರಿಗೆ ಮಾತ್ರ ಆಮೇಲೆ ನಿಲ್ಲಲು ಜಾಗ ಇರಲಿಲ್ಲ.

ಬೋಸ್ನಿಯಾದ ಸಂವಿಧಾನ ಬೇರೆ ಪುಸ್ತಕವಲ್ಲ, 1995ರ ಡೇಟನ್ ಶಾಂತಿ ಒಪ್ಪಂದದ ನಾಲ್ಕನೇ ಅನುಬಂಧ. ಅದರ ಪ್ರಕಾರ ದೇಶದ ಅಧ್ಯಕ್ಷ ಮಂಡಳಿಯಲ್ಲಿ ಒಬ್ಬ ಬೋಸ್ನಿಯಾಕ್, ಒಬ್ಬ ಕ್ರೊಯೇಷಿಯನ್, ಒಬ್ಬ ಸರ್ಬ. ಉಳಿದವರು ‘ಇತರರು’. ದೆರ್ವೊ ಸೆಯ್‌ದಿಚ್ ರೋಮಾ, ಯಾಕೊಬ್ ಫಿಂತ್ಸಿ ಯಹೂದಿ; ಇಬ್ಬರೂ ಈ ಮಂಡಳಿಯ ಚುನಾವಣೆಗೆ ನಿಲ್ಲುವಂತಿಲ್ಲ. 2009ರ ಡಿಸೆಂಬರಿನಲ್ಲಿ ಸ್ಟ್ರಾಸ್‌ಬರ್ಗ್ ನ್ಯಾಯಾಲಯ ಇದು ತಾರತಮ್ಯ ಎಂದು ತೀರ್ಪು ಕೊಟ್ಟಿತು. ಆಮೇಲೆ ಚುನಾವಣೆಗಳ ಮೇಲೆ ಚುನಾವಣೆ ನಡೆದವು, ತೀರ್ಪು ಜಾರಿಯಾಗದೆಯೇ. ಸತ್ತವರ ಹೆಸರಿನಲ್ಲಿ ಬರೆದ ಶಾಂತಿ ಒಪ್ಪಂದ ಬದುಕಿರುವವರನ್ನು ಮೂರೇ ಸಾಲಿನಲ್ಲಿ ನಿಲ್ಲಿಸಿದೆ. ಯುದ್ಧ ನಿಲ್ಲಿಸಲು ಅದು ಬೇಕಿತ್ತು ಎನ್ನುವವರ ಮಾತನ್ನು ನಾನು ತಳ್ಳಿಹಾಕುವುದಿಲ್ಲ, ಆದರೆ ಎಷ್ಟು ಕಾಲ?

ಸರ್ಬಿಯಾದ ಗಣತಿಯಲ್ಲಿ ‘ಯುಗೊಸ್ಲಾವ್’ ಎಂದು ಬರೆಸಿದವರು 2002ರಲ್ಲಿ 80,721. 2011ರಲ್ಲಿ 23,303. ವಯಸ್ಸಾದವರು ತೀರಿಕೊಳ್ಳುತ್ತಾರೆ, ಇನ್ನೆರಡು ಗಣತಿಗಳಲ್ಲಿ ಈ ಸಾಲು ಖಾಲಿಯಾಗುತ್ತದೆ ಎಂದು ಯಾರಾದರೂ ಹೇಳಬಹುದಿತ್ತು. 2022ರಲ್ಲಿ ಬಂದ ಸಂಖ್ಯೆ 27,143. ಕ್ರೊಯೇಷಿಯಾದಲ್ಲಿ 2011ರಲ್ಲಿ 331 ಇದ್ದದ್ದು 2021ರಲ್ಲಿ 942. ದೊಡ್ಡ ಸಂಖ್ಯೆಗಳೇನಲ್ಲ. ಆದರೆ ಇಳಿಯಬೇಕಾದದ್ದು ಏರಿದೆ ಎಂದರೆ, ಆ ಹೆಸರನ್ನು ಈಗ ಹೊಸದಾಗಿ ಬರೆಸುತ್ತಿರುವವರು ಇದ್ದಾರೆ. ಅವರಲ್ಲಿ ಆ ದೇಶವನ್ನು ಕಣ್ಣಾರೆ ಕಾಣದವರು ಎಷ್ಟು ಮಂದಿ? ಗಣತಿಯವರು ಬಾಗಿಲಿಗೆ ಬಂದು ಕೇಳಿದಾಗ ಆ ಉತ್ತರ ಕೊಡುವ ಮೊದಲು ಮನೆಯವರ ಜೊತೆ ಏನು ಮಾತಾಡಿಕೊಂಡರು?